‘ಲೈನ್’ ಶಬ್ದದ ಮೂಲವೂ ನಾನಾರ್ಥಗಳೂ



ಕಳೆದ ವರ್ಷ ಹತ್ತನೆಯ ತರಗತಿಯ ಭಾಷಾಂತರದ ವಹಿಗಳನ್ನು ತಿದ್ದುತ್ತಿದ್ದಾಗ ಒಂದು ವಾಕ್ಯ ನನ್ನ ಕಣ್ಣಿಗೆ ಬಿತ್ತು. “ಅವನು ರಾಜರ ಹಳೆಯ ಗೆರೆಯಿಂದ ಬಂದವನು” ಎಂದು ವಿದ್ಯಾರ್ಥಿಯೊಬ್ಬನು ಬರೆದಿದ್ದನು. ಇಂಗ್ಲಿಷ್ ಮೂಲದಲ್ಲಿದ್ದ ಶಬ್ದ ‘ಲೈನ್’ ಎಂಬುದು. ಆ ವಾಕ್ಯವನ್ನು ನಾನು ತರಗತಿಯಲ್ಲಿ ಗಟ್ಟಿಯಾಗಿ ಓದಿದೆನು, ಎಲ್ಲರೂ ನಕ್ಕರು. ಓದಬಾರದಾಗಿತ್ತು ಎಂದು ಅನಂತರ ನನಗೆ ಅನಿಸಿತು. ಏಕೆಂದರೆ ಆ ಹುಡುಗನು ತಲೆ ತಗ್ಗಿಸಿ, “ಸರ್, ನಮ್ಮದು ಕನ್ನಡ ಮಾಧ್ಯಮ. ಇಂಗ್ಲಿಷ್ ನಮಗೆ ಬರುವಂಥದಲ್ಲ” ಎಂದನು. ಆ ಮೇಲೆ ಅನೇಕ ದಿನಗಳವರೆಗೆ ಅವನು ಪ್ರಶ್ನೆಗೆ ಉತ್ತರಿಸಲು ಕೈಯೆತ್ತಲಿಲ್ಲ. ಅವನಿಗೆ ಅಂದು ನಾನು ಹೇಳಬೇಕಾಗಿದ್ದ ಮಾತನ್ನೇ ಈ ಲೇಖನದಲ್ಲಿ ಹೇಳಲು ಯತ್ನಿಸಿದ್ದೇನೆ.

ಮೊದಲಿಗೆ ಒಂದು ಮಾತು. ಆ ಹುಡುಗನ ತಪ್ಪಿಗಿಂತ ನನ್ನದು ದೊಡ್ಡದು. ನಾನೂ ಕನ್ನಡ ಮಾಧ್ಯಮದಲ್ಲಿಯೇ ಕಲಿತು, ಉತ್ತರ ಕರ್ನಾಟಕದಿಂದ ಈ ನಗರಕ್ಕೆ ಬಂದವನು. ಬಂದ ಹೊಸತರಲ್ಲಿ ದಾದರಿನ ಸೇತುವೆಯ ಮೇಲೆ ನಮ್ಮ ಊರಿನ ಹಿರಿಯರೊಬ್ಬರು ಸಿಕ್ಕಿ, “ಏನಪಾ, ಈಗ ಯಾವ ಲೈನಿನ್ಯಾಗ ಇದ್ದೀ?” ಎಂದು ಕೇಳಿದರು. ನಾನು ಕೂಡಲೆ, “ವೆಸ್ಟರ್ನ್ ಲೈನಿನ್ಯಾಗ ಇದ್ದೇನ್ರಿ ಕಾಕಾ, ಕಾಂದಿವಲಿ” ಎಂದೆನು. ಅವರು ನಕ್ಕು, “ಅದಲ್ಲೋ ತಮ್ಮಾ! ಹೋಟೆಲ್ ಲೈನೋ, ಕಂಪನಿ ಲೈನೋ, ಸಾಲಿ ಲೈನೋ?” ಎಂದರು. ಅವರು ಕೇಳಿದ್ದು ಉದ್ಯೋಗವನ್ನು. ನಾನು ಹೇಳಿದ್ದು ರೈಲು ಮಾರ್ಗವನ್ನು. ಶಬ್ದ ಒಂದೇ, ಅರ್ಥ ಎರಡು.

ಎರಡೇ ಅಲ್ಲ. ಕಾಂದಿವಲಿಯಲ್ಲಿ ಒಂದು ದಿನ ಈ ಶಬ್ದವು ನಮ್ಮ ಕಿವಿಗೆ ಎಷ್ಟು ರೂಪಗಳಲ್ಲಿ ಬೀಳುತ್ತದೆ, ನೋಡಿರಿ. ಮುಂಜಾನೆ ನಲ್ಲಿಯಲ್ಲಿ ನೀರು ಬಾರದಿದ್ದರೆ “ಪೈಪ್ ಲೈನ್ ಒಡೆದಿದೆ” ಎನ್ನುವರು. ಬಸ್ಸಿಗಾಗಿ ನಿಂತಾಗ “ಲೈನಿನಲ್ಲಿ ಬನ್ನಿ” ಎನ್ನುವರು. ಶಾಲೆಯ ಪ್ರಾರ್ಥನೆಯ ಹೊತ್ತಿಗೆ “ಲೈನ್ ನೇರವಾಗಿರಲಿ” ಎಂದು ನಾವೇ ಕೂಗುತ್ತೇವೆ. ಕನ್ನಡದ ತಾಸಿನಲ್ಲಿ “ಪದ್ಯದ ಮೊದಲ ಎರಡು ಲೈನ್ ಓದು” ಎಂದೂ, ಗಣಿತದ ತಾಸಿನಲ್ಲಿ “ಒಂದು ಲೈನ್ ಎಳೆ” ಎಂದೂ ಕೇಳುತ್ತೀರಿ. ಸಂಜೆ ಕಬಡ್ಡಿ ಆಡುವಾಗ “ಲೈನ್ ಮುಟ್ಟಿದ!” ಎಂದು ಜಗಳವಾಗುತ್ತದೆ; ಕ್ರಿಕೆಟ್ ಆಡುವಾಗ ಬೌಲರನ ಲೈನ್ ತಪ್ಪಿತೆನ್ನುತ್ತೀರಿ. ರಾತ್ರಿ ಊರಿಗೆ ದೂರವಾಣಿ ಮಾಡಿದರೆ “ಲೈನ್ ಸಿಗುತ್ತಿಲ್ಲ.” ಇಷ್ಟು ಕೆಲಸಗಳನ್ನು ಒಂದೇ ಶಬ್ದವು ಮಾಡುತ್ತಿರುವಾಗ, ‘ಲೈನ್ ಎಂದರೆ ಗೆರೆ’ ಎಂದಷ್ಟೇ ಬಾಯಿಪಾಠ ಮಾಡಿದವನು ತಪ್ಪದೆ ಇರುವುದು ಸಾಧ್ಯವೆ?

ಹಾಗಾದರೆ ಈ ಎಲ್ಲ ಅರ್ಥಗಳನ್ನು ಒಂದೊಂದಾಗಿ ಉರು ಹಚ್ಚಬೇಕೆ? ಬೇಕಾಗಿಲ್ಲ. ಗಿಡದ ಟೊಂಗೆಗಳನ್ನು ಎಣಿಸುವುದಕ್ಕಿಂತ ಅದರ ಬೇರನ್ನು ಕಾಣುವುದು ಲೇಸು. ಈ ಶಬ್ದದ ವಿಷಯದಲ್ಲಂತೂ ‘ಬೇರು’ ಎಂಬುದು ಬರಿಯ ಅಲಂಕಾರದ ಮಾತಲ್ಲ. ಇದು ನಿಜವಾಗಿಯೂ ಒಂದು ಗಿಡದಿಂದ ಹುಟ್ಟಿದ ಶಬ್ದ.

ಆ ಗಿಡವೇ ಅಗಸೆ. ಉತ್ತರ ಕರ್ನಾಟಕದ ಮನೆಗಳಲ್ಲಿ ರೊಟ್ಟಿಯೊಂದಿಗೆ ಅಗಸಿ ಚಟ್ನಿಯನ್ನು ಉಣ್ಣದವರಿಲ್ಲ. ನಿಮ್ಮ ಮರಾಠಿ ಗೆಳೆಯರು ಅದನ್ನೇ ಜವಸ್ ಎನ್ನುವರು. ಹಿಂದಿಯವರು ಅಲಸಿ ಎನ್ನುವರು. ಸಂಸ್ಕೃತದಲ್ಲಿ ಅದಕ್ಕೆ ಅತಸೀ ಎಂದು ಹೆಸರು. ಎರೆಯ ಹೊಲಗಳಲ್ಲಿ ಹಿಂಗಾರಿಗೆ ಬಿತ್ತುವ ಈ ಗಿಡಕ್ಕೆ ಸಣ್ಣ ನೀಲಿ ಹೂಗಳಾಗುತ್ತವೆ. ನಾವು ಅದನ್ನು ಬೀಜಕ್ಕಾಗಿ, ಎಣ್ಣೆಗಾಗಿ ಬೆಳೆಯುತ್ತೇವೆ. ಆದರೆ ಈಜಿಪ್ಟ್ ಮತ್ತು ಯೂರೋಪಿನ ಜನರು ಪ್ರಾಚೀನ ಕಾಲದಿಂದಲೂ ಅದರ ಕಾಂಡದ ನಾರಿಗಾಗಿ ಅದನ್ನು ಬೆಳೆದರು. ನಮ್ಮಲ್ಲಿ ಸೆಣಬನ್ನು ಮಾಡುವಂತೆ ಕಾಂಡಗಳನ್ನು ನೀರಿನಲ್ಲಿ ಕೊಳೆಯಿಟ್ಟು, ಬಡಿದು, ನಾರನ್ನು ಬಿಡಿಸಿ, ದಾರ ನೂತು, ಬಟ್ಟೆ ನೇಯುತ್ತಿದ್ದರು. ಈಜಿಪ್ಟಿನ ರಾಜರ ಶವಗಳನ್ನು ಸುತ್ತಿರುವುದು ಈ ಬಟ್ಟೆಯಿಂದಲೇ. ಅದಕ್ಕೆ ಇಂಗ್ಲಿಷಿನಲ್ಲಿ ‘ಲಿನನ್’ ಎಂದು ಹೆಸರು.

ರೋಮನ್ನರ ಲ್ಯಾಟಿನ್ ಭಾಷೆಯಲ್ಲಿ ಅಗಸೆ ಗಿಡಕ್ಕೆ ‘ಲೀನುಮ್’ ಎನ್ನುತ್ತಿದ್ದರು. ಅದರ ನಾರಿನಿಂದ ಹೊಸೆದ ದಾರಕ್ಕೆ ‘ಲೀನೆಅ’ ಎಂದರು. ಈ ‘ಲೀನೆಅ’ ಎಂಬುದೇ ಇಂದಿನ ‘ಲೈನ್’. ಇಂಗ್ಲಿಷಿನೊಳಗೆ ಅದು ಎರಡು ದಾರಿಗಳಿಂದ ಬಂದಿತು. ಹಳೆಯ ಇಂಗ್ಲಿಷಿನಲ್ಲಿಯೇ ಹಗ್ಗ ಎಂಬ ಅರ್ಥದಲ್ಲಿ ಅದು ಇದ್ದಿತು. ೧೦೬೬ರಲ್ಲಿ ಫ್ರಾನ್ಸಿನ ನಾರ್ಮನ್ನರು ಇಂಗ್ಲೆಂಡನ್ನು ಗೆದ್ದ ಬಳಿಕ, ಅದೇ ಲ್ಯಾಟಿನ್ ಶಬ್ದವು ಫ್ರೆಂಚ್ ರೂಪದಲ್ಲಿ ಗೆರೆ, ಸಾಲು, ವಂಶ ಮೊದಲಾದ ಅರ್ಥಗಳೊಡನೆ ಮತ್ತೊಮ್ಮೆ ಬಂದು ಹಳೆಯದರೊಡನೆ ಬೆರೆಯಿತು.

ಈಗ ಮನಸ್ಸಿನಲ್ಲಿ ಗಟ್ಟಿಯಾಗಿ ಹಿಡಿಯಬೇಕಾದ ಚಿತ್ರ ಒಂದೇ: ಬಿಗಿಯಾಗಿ ಎಳೆದು ಹಿಡಿದ ಒಂದು ದಾರ. ಈ ದಾರದ ಗುಣಗಳು ಯಾವುವು? ಅದು ನೀಳವಾಗಿದೆ. ನೇರವಾಗಿದೆ. ಒಂದು ತುದಿಯನ್ನು ಇನ್ನೊಂದಕ್ಕೆ ಜೋಡಿಸುತ್ತದೆ. ಈ ಕಡೆಯನ್ನೂ ಆ ಕಡೆಯನ್ನೂ ಬೇರ್ಪಡಿಸುತ್ತದೆ. ಈ ನಾಲ್ಕು ಗುಣಗಳನ್ನು ನೆನಪಿನಲ್ಲಿಟ್ಟರೆ ‘ಲೈನ್’ ಶಬ್ದದ ಅರ್ಥಗಳೆಲ್ಲ ಹಣಿಗೆಗೆ ಬಂದಂತೆ ಒಂದು ಕ್ರಮಕ್ಕೆ ಬರುತ್ತವೆ.

ಮೊದಲನೆಯದು, ದಾರವೇ ಆಗಿ ಉಳಿದ ಅರ್ಥ. ಬಟ್ಟೆ ಒಣಗಿಸಲು ಗ್ಯಾಲರಿಯಲ್ಲಿ ಕಟ್ಟಿದ ಹಗ್ಗವೂ ಲೈನ್, ಮೀನುಗಾರನ ಗಾಳದ ದಾರವೂ ಲೈನ್. ಕೋಟಿನ ಒಳಗೆ ದರ್ಜಿಯು ಹಚ್ಚುವ ಅಸ್ತರಿಗೆ ‘ಲೈನಿಂಗ್’ ಎನ್ನುವುದೂ ಇಲ್ಲಿಂದಲೇ. ಹಿಂದೆ ಒರಟು ಬಟ್ಟೆಯ ಒಳಗೆ ಲಿನನ್ ಬಟ್ಟೆಯನ್ನು ಹಚ್ಚುತ್ತಿದ್ದರು. ನಿಮ್ಮ ಕ್ರಿಕೆಟ್ ಬ್ಯಾಟಿಗೆ ಸವರುವ ‘ಲಿನ್‌ಸೀಡ್’ ಎಣ್ಣೆಯು ಅಗಸೆಯ ಎಣ್ಣೆಯೇ. ಬೌಲರನ ‘ಲೈನ್’ ಮತ್ತು ಬ್ಯಾಟ್ಸ್‌ಮನ್ನನ ‘ಲಿನ್‌ಸೀಡ್’ ಎಣ್ಣೆ ಒಂದೇ ಗಿಡದ ಮಕ್ಕಳೆಂಬುದು ಮೈದಾನದಲ್ಲಿ ಎಷ್ಟು ಜನರಿಗೆ ಗೊತ್ತು?

ಎರಡನೆಯದು, ಗೆರೆ. ಕಟ್ಟಡ ಕಟ್ಟುವ ಗವಂಡಿಯು ಎರಡು ಮೊಳೆಗಳ ನಡುವೆ ದಾರ ಬಿಗಿದು, ಅದರ ಗುಂಟ ಇಟ್ಟಿಗೆ ಇಡುವುದನ್ನು ಕಾಂದಿವಲಿಯ ಯಾವ ಓಣಿಯಲ್ಲಾದರೂ ಕಾಣಬಹುದು. ಬಡಿಗನು ದಾರಕ್ಕೆ ಬಣ್ಣ ಹಚ್ಚಿ, ಹಲಗೆಯ ಮೇಲೆ ಬಿಗಿಹಿಡಿದು, ನಡುವೆ ಎತ್ತಿ ಬಿಡುತ್ತಾನೆ. ದಾರವು ಹೋಗಿ ಹಲಗೆಯ ಮೇಲೆ ಗೆರೆ ಉಳಿಯುತ್ತದೆ. ‘ಲೈನ್’ ಶಬ್ದವು ದಾರದಿಂದ ಗೆರೆಯಾದುದು ಹೀಗೆಯೇ. ಇಂಗ್ಲಿಷಿನ ‘ಸ್ಟ್ರೇಟ್’ ಎಂಬ ಶಬ್ದವು ‘ಸ್ಟ್ರೆಚ್’ ಎಂಬ ಕ್ರಿಯಾಪದದ ಹಳೆಯ ರೂಪ. ಅದರ ಮೂಲಾರ್ಥ ‘ಎಳೆದು ಬಿಗಿದ’ ಎಂದು. ಆದುದರಿಂದ ನೀವು ರೇಖಾಗಣಿತದಲ್ಲಿ ಕಲಿಯುವ ‘ಸ್ಟ್ರೇಟ್ ಲೈನ್’ ಎಂದರೆ ಮೂಲತಃ ‘ಎಳೆದು ಬಿಗಿದ ಅಗಸೆಯ ದಾರ’!

ಮೂರನೆಯದು, ಸಾಲು. ದಾರದ ಗುಂಟ ನಿಲ್ಲಿಸಿದರೆ ಸಾಲಾಗುತ್ತದೆ. ಅಕ್ಷರಗಳ ಸಾಲು, ಸೈನಿಕರ ಸಾಲು, ಗಿಡಗಳ ಸಾಲು, ಮನೆಗಳ ಸಾಲು ಎಲ್ಲವೂ ಲೈನ್. ಚರ್ಚ್‌ಗೇಟಿಗೆ ಹೋಗುವಾಗ ‘ಮರೀನ್ ಲೈನ್ಸ್’ ಎಂಬ ನಿಲ್ದಾಣ ಬರುತ್ತದೆಯಷ್ಟೆ. ಅಲ್ಲಿ ಈ ಶಬ್ದಕ್ಕೆ ರೈಲಿನ ಅರ್ಥವಿಲ್ಲ. ಬ್ರಿಟಿಷರ ಕಾಲದಲ್ಲಿ ಮರೀನ್ ಪಡೆಯ ಸೈನಿಕರ ವಸತಿಗಳು ಅಲ್ಲಿ ಸಾಲಾಗಿದ್ದುದರಿಂದ ಆ ಹೆಸರು ಬಂದಿತು. ಇದೇ ಅರ್ಥವು ನಮ್ಮ ನಾಡಿನಲ್ಲಿಯೂ ಇದೆ. ಕೊಡಗು, ಚಿಕ್ಕಮಗಳೂರುಗಳ ಕಾಫಿ ತೋಟಗಳಲ್ಲಿ ಕೂಲಿಕಾರರು ವಾಸಿಸುವ ಒಂದೇ ಸಾಲಿನ ಕಿರುಮನೆಗಳಿಗೆ ‘ಲೈನ್ ಮನೆ’ಗಳೆಂದೇ ಹೆಸರು. ಕೋಲಾರದ ಚಿನ್ನದ ಗಣಿಯ ಕಾರ್ಮಿಕರ ವಸತಿಗಳಿಗೂ ಲೈನುಗಳೆಂದೇ ಕರೆಯುತ್ತಿದ್ದರು. ದುಡಿಯುವವರ ಬಾಳು ಅಡಗಿರುವ ಶಬ್ದವಿದು. ಅಲ್ಲಿ ಅದನ್ನು ‘ಗೆರೆ’ ಎಂದು ಭಾಷಾಂತರಿಸಿದರೆ ಮನೆಗಳೇ ಮಾಯವಾದಾವು.

ಜನರು ಸರದಿಯಲ್ಲಿ ನಿಂತರೆ ಅದಕ್ಕೂ ನಾವು ಲೈನ್ ಎನ್ನುತ್ತೇವೆ. ಇಂಗ್ಲೆಂಡಿನವರು ಇದಕ್ಕೆ ‘ಕ್ಯೂ’ ಎನ್ನುತ್ತಾರೆ. ಅದು ಬಾಲ ಎಂಬ ಅರ್ಥದ ಫ್ರೆಂಚ್ ಶಬ್ದ. ಅಮೆರಿಕದವರು ಲೈನ್ ಎಂದೇ ಹೇಳುವರು. ನಮ್ಮ ಕಡೆಯವರು ಅಚ್ಚುಕಟ್ಟಾಗಿ ‘ಪಾಳಿ’ ಎನ್ನುವರು.

ನಾಲ್ಕನೆಯದು, ಮಾರ್ಗ. ದಾರವು ಎರಡು ತುದಿಗಳನ್ನು ಜೋಡಿಸುವಂತೆ ಮಾರ್ಗವು ಎರಡು ಊರುಗಳನ್ನು ಜೋಡಿಸುತ್ತದೆ. ೧೮೫೩ರ ಏಪ್ರಿಲ್ ೧೬ರಂದು ಬೋರಿಬಂದರದಿಂದ ಠಾಣೆಗೆ, ಸುಮಾರು ೩೪ ಕಿಲೋಮೀಟರ್ ದೂರ, ಭಾರತದ ಮೊದಲ ಪ್ರಯಾಣಿಕರ ರೈಲು ಓಡಿತು. ಮುಂದೆ ೧೯೫೧ರ ನವೆಂಬರ್ ೫ರಂದು ಪಶ್ಚಿಮ ರೈಲ್ವೆ, ಮಧ್ಯ ರೈಲ್ವೆಗಳು ರಚನೆಯಾದುವು. ವೆಸ್ಟರ್ನ್ ಲೈನ್, ಸೆಂಟ್ರಲ್ ಲೈನ್ ಎಂಬ ಹೆಸರುಗಳು ಅವುಗಳಿಂದ ಬಂದವು. ಬಂದರಿನ ಕಡೆಯಿಂದ ಹೋಗುವುದು ಹಾರ್ಬರ್ ಲೈನ್. ೨೦೨೨ರಲ್ಲಿ ನಮ್ಮ ಕಾಂದಿವಲಿಯ ಪಶ್ಚಿಮ ಭಾಗದಲ್ಲಿ ಮೆಟ್ರೋ ಓಡತೊಡಗಿದಾಗ ಅದಕ್ಕೂ ಲೈನ್ ೨ಎ ಎಂಬ ಹೆಸರೇ ಬಂದಿತು. ನಿಮ್ಮಲ್ಲಿ ಹಲವರು ರಜೆಯಲ್ಲಿ ಉಡುಪಿ, ಕುಂದಾಪುರ, ಕಾರವಾರಗಳಿಗೆ ಹೋಗುವ ಕೊಂಕಣ ರೈಲ್ವೆಯ ಸುಮಾರು ೭೪೦ ಕಿಲೋಮೀಟರಿನ ಮಾರ್ಗವು ೧೯೯೮ರ ಜನವರಿ ೨೬ರಂದು ಪೂರ್ಣವಾಗಿ ತೆರೆಯಿತು. ಹಳಿಗಳು ಕಬ್ಬಿಣದವು, ನಿಜ. ಆದರೂ ಇಲ್ಲಿಯ ಮನೆಯನ್ನೂ ಅಲ್ಲಿಯ ಮನೆಯನ್ನೂ ಕಟ್ಟಿಹಾಕಿದ ದಾರವೆಂದು ಅದನ್ನು ತಿಳಿಯಲು ಅಡ್ಡಿಯೇನು? ಊರಿನ ಹಿರಿಯರು ನನ್ನನ್ನು ಕೇಳಿದ ‘ಹೋಟೆಲ್ ಲೈನ್’ ಕೂಡ ಈ ಗುಂಪಿನದೇ. ಬಾಳುವೆಗಾಗಿ ಮನುಷ್ಯನು ಹಿಡಿದ ದಾರಿಯೇ ಅವನ ಲೈನ್.

ಐದನೆಯದು, ತಂತಿ. ವಿದ್ಯುತ್ತು ಹರಿಯುವ ತಂತಿಯೂ ದೂರವಾಣಿಯ ತಂತಿಯೂ ಲೈನ್. ಅವನ್ನು ದುರಸ್ತಿ ಮಾಡುವವನು ಲೈನ್‌ಮನ್. ಯಂತ್ರವು ತಂತಿಯ ಸಂಪರ್ಕದಲ್ಲಿದ್ದರೆ ‘ಆನ್‌ಲೈನ್’ ಎಂದರು. ೨೦೨೦ರಲ್ಲಿ ಕೊರೋನಾ ಕಾಲದಲ್ಲಿ ಶಾಲೆಯ ಬಾಗಿಲು ಮುಚ್ಚಿದಾಗ ಪಾಠಗಳು ಆನ್‌ಲೈನ್ ಆದುವು. ಆಗ ಎಷ್ಟೋ ಮನೆಗಳಲ್ಲಿ ಒಂದೇ ಮೊಬೈಲನ್ನು ಅಣ್ಣತಮ್ಮಂದಿರು ಪಾಳಿಯಂತೆ ಬಳಸಿದರು. ಆ ಮೊಬೈಲಿಗೆ ತಂತಿಯೇ ಇರಲಿಲ್ಲ. ವಸ್ತುವು ಮಾಯವಾದರೂ ಶಬ್ದವು ಉಳಿದುಕೊಂಡಿತು. ಭಾಷೆಯ ಸ್ವಭಾವವೇ ಅಂಥದು.

ಆರನೆಯದು, ಮೇರೆ. ಕಬಡ್ಡಿಯ ಅಂಗಳದಿಂದ ಹಿಡಿದು ದೇಶದ ಗಡಿಯವರೆಗೆ ಈ ಕಡೆ, ಆ ಕಡೆ ಎಂದು ಬೇರ್ಪಡಿಸುವುದೂ ಲೈನ್. ‘ಡೆಡ್‌ಲೈನ್’ ಎಂಬ ಶಬ್ದವನ್ನು ಈಗ ಕಡೆಯ ದಿನಾಂಕ ಎಂಬ ಅರ್ಥದಲ್ಲಿ ಬಳಸುತ್ತಾರೆ. ಆದರೆ ೧೮೬೪ರ ಸುಮಾರಿಗೆ, ಅಮೆರಿಕದ ಅಂತರ್ಯುದ್ಧದ ಕಾಲದಲ್ಲಿ, ಆಂಡರ್‌ಸನ್‌ವಿಲ್ ಎಂಬಲ್ಲಿಯ ಯುದ್ಧಕೈದಿಗಳ ಸೆರೆಮನೆಯಲ್ಲಿ ಒಂದು ಮೇರೆಯಿತ್ತು. ಅದನ್ನು ದಾಟಿದ ಕೈದಿಯನ್ನು ಕಾವಲುಗಾರರು ಗುಂಡಿಟ್ಟು ಕೊಲ್ಲುತ್ತಿದ್ದರು. ಅದಕ್ಕೆ ಡೆಡ್‌ಲೈನ್ ಎನ್ನುತ್ತಿದ್ದರು. ಗೃಹಪಾಠದ ಡೆಡ್‌ಲೈನ್ ದಾಟಿದವರಿಗೆ ನಮ್ಮ ಶಾಲೆಯಲ್ಲಿ ಅಷ್ಟು ಕಠಿಣ ಶಿಕ್ಷೆಯಿಲ್ಲವೆಂಬುದು ಸಮಾಧಾನದ ಸಂಗತಿ!

ಏಳನೆಯದು, ಆ ಹುಡುಗನನ್ನು ಎಡವಿಸಿದ ಅರ್ಥ: ವಂಶ. ತಂದೆಯಿಂದ ಮಗನಿಗೆ, ಮಗನಿಂದ ಮೊಮ್ಮಗನಿಗೆ ಕಡಿಯದೆ ಸಾಗಿ ಬಂದ ಎಳೆಯೇ ವಂಶ. ಅದೂ ಲೈನ್.

ಇಲ್ಲಿ ನಾವು ಒಂದು ಕ್ಷಣ ನಿಂತು ನಮ್ಮ ಭಾಷೆಯ ಕಡೆಗೆ ತಿರುಗಬೇಕು. ಸಂಸ್ಕೃತದಲ್ಲಿ ‘ತನ್’ ಎಂಬ ಧಾತುವಿದೆ. ಹಿಗ್ಗಿಸು, ಎಳೆದು ಚಾಚು ಎಂದು ಅದರ ಅರ್ಥ. ಅದರಿಂದ ತಂತು ಹುಟ್ಟಿತು. ತಂತು ಎಂದರೆ ದಾರ. ಅದರಿಂದಲೇ ತಂತಿ. ವೀಣೆಯ ತಂತಿ, ವಿದ್ಯುತ್ತಿನ ತಂತಿ, ೨೦೧೩ರವರೆಗೆ ಅಂಚೆಯವನು ತರುತ್ತಿದ್ದ ತಂತಿ ಸಂದೇಶ ಎಲ್ಲವೂ ಅದೇ. ಬೇಂದ್ರೆಯವರ ‘ನಾಕು ತಂತಿ’ ಎಂಬ ಕವನಸಂಗ್ರಹದ ಹೆಸರಿನಲ್ಲಿರುವುದೂ ಈ ತಂತಿಯೇ. ಅದೇ ‘ತನ್’ ಧಾತುವಿನಿಂದಲೇ ಸಂತತಿ, ಸಂತಾನ ಎಂಬ ಶಬ್ದಗಳೂ ಬಂದಿವೆ. ಸಂತತಿ ಎಂದರೆ ಎಡೆಬಿಡದೆ ಚಾಚಿಕೊಂಡು ಬಂದದ್ದು. ರೋಮಿನ ಅಗಸೆಯ ದಾರವು ಯಾವ ದಾರಿಯಲ್ಲಿ ನಡೆದು ವಂಶವಾಯಿತೋ, ನಮ್ಮ ತಂತುವೂ ಅದೇ ದಾರಿಯಲ್ಲಿ ನಡೆದು ಸಂತತಿಯ ನೆಂಟನಾಗಿದೆ!

ಇನ್ನೂ ಇದೆ. ಸೂತ್ರ ಎಂದರೆ ದಾರ. ಮಂಗಳಸೂತ್ರ ಎಂಬಲ್ಲಿ ಅದೇ ಅರ್ಥ. ಗಣಿತದ ಸೂತ್ರ, ವ್ಯಾಕರಣದ ಸೂತ್ರ, ನಾಟಕದ ಸೂತ್ರಧಾರ ಎಲ್ಲರೂ ಆ ದಾರವನ್ನೇ ಹಿಡಿದವರು. ಯಜ್ಞವೇದಿಕೆಗಳನ್ನು ಅಳೆಯುವ ನಮ್ಮ ಪ್ರಾಚೀನ ರೇಖಾಗಣಿತದ ಗ್ರಂಥಗಳಿಗೆ ಶುಲ್ಬಸೂತ್ರಗಳೆಂದು ಹೆಸರು. ಶುಲ್ಬ ಎಂದರೆ ಹಗ್ಗ. ವೃತ್ತದ ‘ಕಾರ್ಡ್’ ಎಂಬುದು ಗ್ರೀಕರ ಕರುಳಿನ ತಂತಿ. ನಿಮ್ಮ ಪುಸ್ತಕದಲ್ಲಿ ಅದಕ್ಕಿರುವ ‘ಜ್ಯಾ’ ಎಂಬ ಶಬ್ದ ಬಿಲ್ಲಿನ ಹೆದೆ. ತಮಿಳಿನಲ್ಲಿ ನೂಲ್ ಎಂದರೆ ದಾರವೂ ಹೌದು, ಗ್ರಂಥವೂ ಹೌದು. ಮನುಷ್ಯನು ಎಲ್ಲಿಯೇ ಇರಲಿ, ಕೈಯಲ್ಲಿ ದಾರವನ್ನು ಹಿಡಿದಾಗ ಅವನ ಮನಸ್ಸು ಹೆಚ್ಚುಕಡಮೆ ಒಂದೇ ಬಗೆಯಲ್ಲಿ ಯೋಚಿಸಿದೆ.

ಇದರಿಂದ ತಿಳಿಯುವುದೇನು? ಸಂತತಿ, ತಂತಿ, ಸೂತ್ರಗಳನ್ನು ಬಲ್ಲ ಕನ್ನಡದ ಹುಡುಗನಿಗೆ ‘ಲೈನ್’ ಶಬ್ದದ ಬಾಗಿಲು ಮುಚ್ಚಿಲ್ಲ. ಅರ್ಧ ತೆರೆದೇ ಇದೆ. ಕನ್ನಡವು ಅವನ ಕಾಲಿನ ತೊಡಕಲ್ಲ. ಆ ವಾಕ್ಯವನ್ನು ಅವನು “ಅವನು ಪ್ರಾಚೀನ ರಾಜಸಂತತಿಯಲ್ಲಿ ಹುಟ್ಟಿದವನು” ಎಂದು ಬರೆಯಬಹುದಾಗಿತ್ತು. ಆ ಶಬ್ದವು ಅವನಿಗೆ ಗೊತ್ತಿತ್ತು. ಗೆರೆಯಲ್ಲಿಯೇ ನಿಲ್ಲದೆ, ಗೆರೆಯ ಹಿಂದಿನ ದಾರದವರೆಗೆ ಹೋಗಬೇಕೆಂದು ಹೇಳಿಕೊಡದಿದ್ದುದು ನನ್ನ ಕೊರತೆ.

ಒಂದು ಎಚ್ಚರಿಕೆಯನ್ನೂ ಹೇಳಬೇಕು. ಒಂದೇ ಶಬ್ದಕ್ಕೆ ಹಲವು ಅರ್ಥಗಳಿರುವುದು ಬೇರೆ. ಹಲವು ಶಬ್ದಗಳು ಒಂದೇ ಉಚ್ಚಾರವನ್ನು ಪಡೆದಿರುವುದು ಬೇರೆ. ನಮ್ಮ ‘ಅಗಸೆ’ಯನ್ನೇ ನೋಡಿರಿ. ಎಣ್ಣೆ ಬೀಜದ ಗಿಡ ಅಗಸೆ. ಹೂವನ್ನು ಪಲ್ಯಕ್ಕೆ ಬಳಸುವ ಮರವೂ ಅಗಸೆ. ಊರಿನ ಹೆಬ್ಬಾಗಿಲೂ ಅಗಸೆ. ಇವುಗಳಿಗೆ ಒಂದೇ ಬೇರು ಹುಡುಕಹೊರಟರೆ ಬರಿಗೈಯಲ್ಲಿ ಮರಳಬೇಕಾದೀತು. ಬಟ್ಟೆ ಒಗೆಯುವ ಅಗಸನು ಬಟ್ಟೆಯನ್ನು ಲೈನಿನ ಮೇಲೆ ಒಣಹಾಕುತ್ತಾನೆಂದು ಅವನನ್ನೂ ಈ ಗಿಡಕ್ಕೆ ಕಟ್ಟಿದರೆ ಅದು ತಮಾಷೆಯಾದೀತೇ ಹೊರತು ಶಾಸ್ತ್ರವಾಗದು. ಕಿವಿಗೆ ಕೇಳುವ ಹೋಲಿಕೆಯನ್ನು ನಂಬದೆ ನಿಘಂಟನ್ನು ತೆರೆಯಬೇಕು. ಅಮರಕೋಶದಲ್ಲಿ ನಾನಾರ್ಥಗಳಿಗೆಂದೇ ಒಂದು ವರ್ಗವಿದೆ. ಜರ್ಮನಿಯಿಂದ ಬಂದ ಕಿಟ್ಟೆಲ್ ಅವರು ಕನ್ನಡವನ್ನು ಕಲಿತು, ೧೮೯೪ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ತಮ್ಮ ನಿಘಂಟಿನಲ್ಲಿ ಸುಮಾರು ೭೦,೦೦೦ ಶಬ್ದಗಳಿಗೆ ಇಂಗ್ಲಿಷಿನಲ್ಲಿ ಅರ್ಥ ಬರೆದರು. ಪರದೇಶದವರೊಬ್ಬರು ನಮ್ಮ ಭಾಷೆಯಲ್ಲಿ ಅಷ್ಟು ದೂರ ನಡೆದಿರುವಾಗ, ನಾವು ಅವರ ಕಡೆಯ ಭಾಷೆಗಳಲ್ಲಿ ನಾಲ್ಕು ಹೆಜ್ಜೆ ನಡೆಯಲಾರೆವೆ?

ಅಭ್ಯಾಸಕ್ಕಾಗಿ ನಾವು ದಿನವೂ ಆಡುವ ಕೆಲವು ಮಾತುಗಳನ್ನು ಕೆಳಗೆ ಕೊಟ್ಟಿದೆ. ಇವುಗಳಲ್ಲಿಯ ‘ಲೈನ್’ ಶಬ್ದವನ್ನು ತೆಗೆದು, ಆಯಾ ಸ್ಥಳಕ್ಕೆ ಒಪ್ಪುವ ಕನ್ನಡ ಶಬ್ದವನ್ನು ಇಟ್ಟು ನೋಡಿರಿ.

೧. ಅಪ್ಪ ಹೋಟೆಲ್ ಲೈನಿನಲ್ಲಿದ್ದಾರೆ.
೨. ಟಿಕೆಟಿಗೆ ದೊಡ್ಡ ಲೈನ್ ಇದೆ.
೩. ಅಜ್ಜಿಗೆ ಎರಡು ಲೈನ್ ಬರೆದು ಹಾಕು.
೪. ಕೋಟಿನ ಲೈನಿಂಗ್ ಹರಿದಿದೆ.
೫. ಗಾಳಿಗೆ ಕರೆಂಟಿನ ಲೈನ್ ಕಡಿದು ಬಿದ್ದಿದೆ.
೬. ಗಿಡಗಳನ್ನು ಲೈನಾಗಿ ನೆಡಿರಿ.

ಆರು ಕಡೆಗಳಲ್ಲಿಯೂ ಒಂದೇ ಕನ್ನಡ ಶಬ್ದವು ಸಲ್ಲದೆಂಬುದು ನಿಮಗೇ ಕಂಡುಬರುವುದು. ಹಾಗೆಂದು ‘ಲೈನ್’ ಎನ್ನುವುದನ್ನೇ ಬಿಡಬೇಕೆಂದು ನಾನು ಹೇಳುವುದಿಲ್ಲ. ವೆಸ್ಟರ್ನ್ ಲೈನಿನಲ್ಲಿದ್ದುಕೊಂಡು ಅದನ್ನು ಬಿಡುವುದಾದರೂ ಹೇಗೆ? ಬಳಸುವಾಗ ಯಾವ ಅರ್ಥದಲ್ಲಿ ಬಳಸುತ್ತಿದ್ದೇವೆಂಬುದು ತಿಳಿದಿದ್ದರೆ ಸಾಕು. ಇದೇ ರೀತಿ ಪಾಸ್, ಬೋರ್ಡ್, ಸ್ಟೇಷನ್ ಮೊದಲಾದ ಶಬ್ದಗಳನ್ನು ತೆಗೆದುಕೊಂಡು, ಒಂದೊಂದರ ಮೂಲವನ್ನೂ ಅರ್ಥಗಳನ್ನೂ ನಿಘಂಟಿನಿಂದ ಹುಡುಕಿ ನಿಮ್ಮ ವಹಿಯಲ್ಲಿ ಬರೆದಿಡಿರಿ.

ಮೇಲೆ ಹೇಳಿದ ವಿದ್ಯಾರ್ಥಿಯು ಈಗ ನಮ್ಮ ಶಾಲೆಯನ್ನು ದಾಟಿ ಹೋಗಿದ್ದಾನೆ. ಈ ಸಂಚಿಕೆಯ ಒಂದು ಪ್ರತಿಯನ್ನು ಅವನಿಗೆ ತಲುಪಿಸಬೇಕೆಂದಿದ್ದೇನೆ. ಇನ್ನು ನನ್ನ ತರಗತಿಯಲ್ಲಿ ಕುಳಿತಿರುವವರಿಗೆ ಒಂದು ಮಾತು: ತಪ್ಪು ಬರೆದರೂ ಕೈಯೆತ್ತಿರಿ. ನಿಮ್ಮ ತಪ್ಪನ್ನು ಗಟ್ಟಿಯಾಗಿ ಓದುವ ಬದಲು, ಅದು ಎಲ್ಲಿಂದ ಬಂದಿತೆಂಬುದನ್ನು ನಿಮ್ಮೊಡನೆ ಕುಳಿತು ಹುಡುಕುವೆನು.